ಸಣ್ಣ ಮನೆ ಕಟ್ಟೋಕೂ ಮಣ್ಣು ಪರೀಕ್ಷೆ ಬೇಕಾ?

ಪ್ರಶ್ನೆ: ನಮಸ್ಕಾರ್ರಿ ಸರ್. ಹುಬ್ಬಳ್ಳಿ ಹತ್ರ ಹೊಸಾ ಲೇಔಟ್‌ನ್ಯಾಗ 30×40 ಸೈಟ್ ತಗೊಂಡೀವ್ರಿ. ಮೊದ್ಲು ಹತ್ತಿ ಬೆಳಿಯೋ ಹೊಲ ಇತ್ತು, ಪೂರಾ ಎರಿ ಮಣ್ಣು. ಗ್ರೌಂಡ್ ಫ್ಲೋರ್ ಅಷ್ಟ ಕಟ್ಟಸೋದೈತಿ. ನಮ್ಮ ಗೌಂಡಿ "ಸಣ್ಣ ಮನಿಗೆ ಸಾಯಿಲ್ ಟೆಸ್ಟ್ ಯಾಕ್ರಿ, ಬಾಜೂ ಮನಿಯವ್ರು ಐದ ಫೂಟ್ ಪಾಯಾ ತಗದಾರ, ನಾವೂ ಅಷ್ಟ ತಗದು ಕೆಳಗ ಉಸುಕು ಹಾಕೋಣು" ಅಂತಾರ್ರಿ. ಹೊಲದ ಮಾಲಕರು ಹಳೇ ಮಣ್ಣು ಪರೀಕ್ಷೆ ಕಾರ್ಡ್ ಕೊಟ್ಟಾರ, ಅದು ನಡಿತೈತೇನ್ರಿ?
– ಓದುಗರು, ಹುಬ್ಬಳ್ಳಿ

ಉತ್ತರ: ಆ ಕಾರ್ಡ್ ನಡೆಯಲ್ಲ. ಅದು ರೈತರಿಗೆ 2015ರಿಂದ ಕೊಡ್ತಿರೋ ಮಣ್ಣು ಆರೋಗ್ಯ ಕಾರ್ಡ್, ಸಾರಜನಕ, ರಂಜಕ, ಪೊಟ್ಯಾಷ್, ಸತು ಎಷ್ಟಿದೆ ಅಂತ ನೋಡಿ ಗೊಬ್ಬರ ಹಾಕೋಕೆ. ಮನೆಗೆ ಬೇಕಾದ ಪರೀಕ್ಷೆನೇ ಬೇರೆ.

ಸಣ್ಣ ಮನೆ ಅಂತ ಧೈರ್ಯ ಮಾಡ್ಬೇಡಿ, ಎರೆ ಭೂಮಿಯಲ್ಲಿ ಲೆಕ್ಕ ಉಲ್ಟಾ. ಅಲ್ಲಿ ಮನೆ ಕೆಳಗೆ ಕುಸಿಯೋದಕ್ಕಿಂತ ಮಣ್ಣು ಮೇಲಕ್ಕೆ ಒತ್ತೋದೇ ದೊಡ್ಡ ತೊಂದರೆ, ಮಳೆಗಾಲದಲ್ಲಿ ನೀರು ಕುಡಿದು ಉಬ್ಬುತ್ತೆ, ಬೇಸಿಗೆಯಲ್ಲಿ ಒಣಗಿ ಕುಗ್ಗಿ ಕೈ ಹೋಗೋಷ್ಟು ಬಿರುಕು ಬಿಡುತ್ತೆ, ಆ ಒತ್ತಡ ತಡೆಯೋಕೆ ಬೇಕಾದ ತೂಕ ಹಗುರ ಮನೆಗೆ ಇರಲ್ಲ. ಅದೂ ಎಲ್ಲಾ ಕಡೆ ಒಂದೇ ಸಮ ಉಬ್ಬಿದ್ರೆ ಇಷ್ಟು ತೊಂದರೆ ಇರ್ತಿರ್ಲಿಲ್ಲ. ಹೊರಗಿನ ಗೋಡೆ ಕೆಳಗಿನ ಮಣ್ಣು ಬೇಗ ನೆನೆದು ಬೇಗ ಒಣಗುತ್ತೆ, ನಡುಮನೆ ಕೆಳಗಿಂದು ಹಸಿಯಾಗೇ ಇರುತ್ತೆ, ಹಾಗಾಗಿ ಕಿಟಕಿ ಮೂಲೆಯಿಂದ ಓರೆ ಬಿರುಕು ಶುರುವಾಗುತ್ತೆ, ಬಾಗಿಲು ಹಾಕೋಕೆ ಬರಲ್ಲ. ಆಮೇಲೆ ಎಷ್ಟು ಸಲ ಗಿಲಾವ ಮಾಡಿಸಿದ್ರೂ ಮುಂದಿನ ವರ್ಷ ಅದೇ ಜಾಗದಲ್ಲಿ ಮತ್ತೆ ಬಾಯಿ ಬಿಡುತ್ತೆ, ಜೀವಮಾನದ ಉಳಿತಾಯ ಹಾಕಿ ಕಟ್ಟಿದವರಿಗೆ ಇದನ್ನ ನೋಡೋದು ತುಂಬಾ ಕಷ್ಟ.

ಪರೀಕ್ಷೆಯಲ್ಲಿ ಮುಖ್ಯವಾಗಿ "ಫ್ರೀ ಸ್ವೆಲ್ ಇಂಡೆಕ್ಸ್" ಕೇಳಿ. 10 ಗ್ರಾಂ ಒಣ ಮಣ್ಣಿನ ಪುಡಿ ಒಂದು ಜಾರಲ್ಲಿ ನೀರಿಗೆ, ಇನ್ನೊಂದು 10 ಗ್ರಾಂ ಸೀಮೆಎಣ್ಣೆಗೆ ಹಾಕಿ 24 ಗಂಟೆ ಬಿಡ್ತಾರೆ. ಸೀಮೆಎಣ್ಣೆಯಲ್ಲಿ ಮಣ್ಣು ಉಬ್ಬಲ್ಲ, ನೀರಲ್ಲಿ ಉಬ್ಬುತ್ತೆ, ಆ ವ್ಯತ್ಯಾಸವೇ ಉತ್ತರ. ಶೇ. 50 ದಾಟಿದ್ರೆ ಹುಷಾರಾಗ್ಬೇಕು, 100 ದಾಟಿದ್ರಂತೂ ಮಾಮೂಲಿ ಪಾಯದ ಮಾತೇ ಬೇಡ. ಇದರ ಜೊತೆ ಮಣ್ಣು ಯಾವ ಆಳದಲ್ಲಿ ಎಷ್ಟು ಭಾರ ಸುರಕ್ಷಿತವಾಗಿ ಹೊರುತ್ತೆ, ಗಟ್ಟಿ ಗರಸು (ಕಲ್ಲುಚೂರು ಬೆರೆತ ಮಣ್ಣು) ಎಲ್ಲಿ ಸಿಗುತ್ತೆ, ಅಂತರ್ಜಲ ಎಷ್ಟು ಕೆಳಗಿದೆ ಅನ್ನೋದು ರಿಪೋರ್ಟಲ್ಲಿ ಇರ್ಲೇಬೇಕು. ನಿಮ್ಮ ಸೈಟಿಗೆ ನಡುವೆ ಒಂದು ಬೋರ್ (ಮಣ್ಣಿನ ಮಾದರಿ ತೆಗೆಯೋಕೆ ಕೊರೆಯೋ ರಂಧ್ರ) ಅಥವಾ ಗುಂಡಿ ಸಾಕು, ಹಳೇ ಹಳ್ಳ ಬಾವಿ ಮುಚ್ಚಿದ ಜಾಗ ಅನ್ನೋ ಅನುಮಾನ ಇದ್ರೆ ಮಾತ್ರ ಇನ್ನೊಂದು. ಬೇಸಿಗೆಯಲ್ಲಿ ತೆಗೆಸಿದ್ರೆ ಒಣಗಿದ ಎರೆ ಕಲ್ಲಿನ ಹಾಗೆ ಗಟ್ಟಿಯಾಗಿ ಭಾರ ತಡೆಯೋ ಅಂಕಿ ಜಾಸ್ತಿ ತೋರಿಸಬಹುದು, ಅದಕ್ಕೇ ನೆನೆಸಿ ಪರೀಕ್ಷೆ ಮಾಡಿ ಅಂತ ಮೊದ್ಲೇ ಹೇಳಿ. ಇಂಜಿನಿಯರಿಂಗ್ ಕಾಲೇಜುಗಳ ಸಿವಿಲ್ ವಿಭಾಗದಲ್ಲೂ ವಿಚಾರಿಸಿ, ಎಷ್ಟೋ ಕಡೆ ಹೊರಗಿನವರಿಗೂ ಮಾಡಿಕೊಡ್ತಾರೆ.

ಗೌಂಡಿಯವರ ಅನುಭವಕ್ಕೆ ಬೆಲೆ ಇದೆ, ಆದ್ರೆ ಉಸುಕಿನ ವಿಷಯದಲ್ಲಿ ನಾನು ಒಪ್ಪಲ್ಲ. ಎರೆ ಮಣ್ಣಲ್ಲಿ ತೋಡಿದ ಗುಂಡಿಗೆ ಉಸುಕು ತುಂಬಿದ್ರೆ ಮಳೆ ನೀರು ಅಲ್ಲೇ ನಿಂತು ಕೆಳಗಿನ ಎರೆಗೆ ಇಳಿಯುತ್ತೆ, ಯಾವುದನ್ನ ತಪ್ಪಿಸ್ಬೇಕೋ ಅದನ್ನೇ ಮಾಡಿದಂಗಾಗುತ್ತೆ. ಅದರ ಬದಲು ಉಬ್ಬದ, ಆದ್ರೆ ಸ್ವಲ್ಪ ಅಂಟು ಇರೋ ಗರಸು ಮಣ್ಣನ್ನ ಪದರ ಪದರವಾಗಿ ಧಮ್ಮಸ್ಸು ಮಾಡೋ ವಿಧಾನ ಇದೆ, ಐಐಟಿ ಬಾಂಬೆಯ ಪ್ರೊಫೆಸರ್ ಆರ್. ಕೆ. ಕಟ್ಟಿ ರೂಪಿಸಿದ್ದು, ನಮ್ಮ ಮಲಪ್ರಭಾ ಕಾಲುವೆಗೇ ಬಳಸಿದಾರೆ. ಎರೆ ತುಂಬಾ ಆಳ ಇದ್ರೆ ಅಂಡರ್ ರೀಮ್ಡ್ ಪೈಲ್, ಅಂದ್ರೆ ಬುಡದಲ್ಲಿ ಗಡ್ಡೆ ಥರ ದಪ್ಪ ಉಬ್ಬು ಇರೋ ಕಾಂಕ್ರೀಟ್ ಕಂಬ, ಕನಿಷ್ಠ 3.5 ಮೀಟರ್ ಇಳಿಸ್ತಾರೆ, ಯಾಕಂದ್ರೆ ಮಳೆ ಬಿಸಿಲಿನ ಉಬ್ಬುಕುಗ್ಗು ಅಷ್ಟು ಆಳಕ್ಕೆ ಸುಮಾರಾಗಿ ನಿಂತುಹೋಗಿರುತ್ತೆ. ನಿಮಗೆ ಇವೆರಡರಲ್ಲಿ ಯಾವುದು ಅಂತ ರಿಪೋರ್ಟ್ ಇಲ್ದೆ ನಾನೂ ಹೇಳಕ್ಕಾಗಲ್ಲ, ಗೌಂಡಿನೂ ಹೇಳಕ್ಕಾಗಲ್ಲ, ಬಾಜೂ ಮನೆ ಕೆಳಗೆ ಐದು ಅಡಿಗೆ ಗರಸು ಸಿಕ್ಕಿರಬಹುದು, ನಿಮ್ಮಲ್ಲಿ ಹತ್ತಕ್ಕೂ ಸಿಗದೆ ಇರಬಹುದು. ಪ್ಲಾನ್ ಫೈನಲ್ ಆಗೋ ಮೊದ್ಲೇ ಮಾಡಿಸಿ, ಪಾಯ ಬದಲಾದ್ರೆ ಬಜೆಟ್ಟೂ ಬದಲಾಗುತ್ತೆ.

ಪ್ರಶ್ನೆ: ನಮ್ಮದು ಮಂಗಳೂರು ಕಡೆ ಗುಡ್ಡದ ಜಾಗ, ಮುರಕಲ್ಲು, ತುಂಬಾ ಗಟ್ಟಿ ಉಂಟು. ನಮಗೂ ಟೆಸ್ಟ್ ಬೇಕಾ?
– ಓದುಗರು, ದಕ್ಷಿಣ ಕನ್ನಡ

ಉತ್ತರ: ಬೇಕು. ಮೇಲೆ ಮುರಕಲ್ಲು ಗಟ್ಟಿ ಇದ್ರೂ ಅದರ ಕೆಳಗೆ ಎಷ್ಟೋ ಕಡೆ ಶೇಡಿ ಮಣ್ಣು, ಅಂದ್ರೆ ಮೆತ್ತನೆ ಜೇಡಿಯಂಥ ಮಣ್ಣು ಇರುತ್ತೆ. ಒಣಗಿದ್ದಾಗ ಚೆನ್ನಾಗೇ ನಿಲ್ಲುತ್ತೆ, ಮಳೆಗಾಲದಲ್ಲಿ ನೆನೆದ್ರೆ ಸತ್ವ ಕಳ್ಕೊಂಡು ಜಾರುತ್ತೆ. ಸೈಟ್ ಸಮ ಮಾಡೋಕೆ ಜೆಸಿಬಿಯಲ್ಲಿ ಗುಡ್ಡ ನೆಟ್ಟಗೆ ಕಡಿಸಿದ್ರೆ ಆ ಶೇಡಿ ಪದರ ಹೊರಗೆ ಬಂದು ನೀರಿಗೆ ಸಿಕ್ಕಿಹಾಕ್ಕೊಳ್ಳುತ್ತೆ. ಜೆಸಿಬಿ ಕರೆಸೋ ಮೊದ್ಲು ಬೋರ್ ಹಾಕಿಸಿ ಮುರಕಲ್ಲು ಎಷ್ಟು ದಪ್ಪ ಇದೆ ನೋಡ್ಕೊಳ್ಳಿ, ಕಡಿಯೋ ಇಳಿಜಾರನ್ನೂ ತಡೆಗೋಡೆಯನ್ನೂ ಆ ಲೆಕ್ಕ ಇಟ್ಕೊಂಡು ಇಂಜಿನಿಯರ್ ಹತ್ರ ಡಿಸೈನ್ ಮಾಡಿಸಿ.