ಸ್ವಾಹಿಲಿ ಕಲಿತರೆ ಇಡೀ ಆಫ್ರಿಕಾದಲ್ಲಿ ನಡೆಯುತ್ತಾ?

ಇಡೀ ಆಫ್ರಿಕಾದಲ್ಲಿ ನಡೆಯಲ್ಲ. ನೈಜೀರಿಯಾದ ಲಾಗೋಸಿನಲ್ಲಿ ಯೊರುಬಾ, ಉತ್ತರಕ್ಕೆ ಹೋದರೆ ಹೌಸಾ. ಅಲ್ಲಿ ಸ್ವಾಹಿಲಿ ಕೇಳೋರೇ ಇಲ್ಲ. ಆದರೆ ನೀವು ಕೆಲಸಕ್ಕೆ ಹೋಗ್ತಿರೋದು ತಾಂಜಾನಿಯಾದ ದಾರ್ ಎಸ್ ಸಲಾಮ್‌ಗೆ ಅಂದಿದ್ದೀರಿ, ಹಾಗಾದರೆ ಎರಡನೇ ಯೋಚನೆ ಬೇಡ, ಕಲಿಯಿರಿ. ತಾಂಜಾನಿಯಾದಲ್ಲಿ ನೂರಕ್ಕೂ ಹೆಚ್ಚು ಭಾಷೆಗಳಿವೆ, ಹೆಚ್ಚಿನವರ ಮನೆಮಾತು ಬೇರೆಯೇ. ಆದರೂ ಸಂತೆ, ಬಸ್ಸು, ಸರ್ಕಾರಿ ಪ್ರಾಥಮಿಕ ಶಾಲೆ, ಸಂಸತ್ತು ಎಲ್ಲ ಕಡೆ ಸ್ವಾಹಿಲಿ. ದೇಶದ ಮೊದಲ ಅಧ್ಯಕ್ಷ ಜೂಲಿಯಸ್ ನೈರೇರೆ ಪಟ್ಟು ಹಿಡಿದು ಬೆಳೆಸಿದ್ದರ ಫಲ ಅದು. ಕೀನ್ಯಾದಲ್ಲಿ 2010ರ ಸಂವಿಧಾನದಂತೆ ಇಂಗ್ಲಿಷ್ ಜೊತೆ ಅಧಿಕೃತ ಭಾಷೆ. ಕಾಂಗೋದ ಪೂರ್ವ ಭಾಗದಲ್ಲೂ ಕೆಲಸಕ್ಕೆ ಬರುತ್ತೆ. ಉಗಾಂಡಾದ ರಾಜಧಾನಿ ಕಂಪಾಲಾದಲ್ಲಿ ಮಾತ್ರ ಲುಗಾಂಡಾ ಭಾಷೆಯದ್ದೇ ಕಾರುಬಾರು.

ಇನ್ನು 'ಅದು ಅರಬ್ಬಿಯ ಕವಲಲ್ವಾ' ಅಂದಿರಿ. ಅಲ್ಲ, ಅರಬ್ಬಿ ಪದಗಳು ಬೇಕಾದಷ್ಟಿವೆ, ವ್ಯಾಕರಣ ಮಾತ್ರ ಅಪ್ಪಟ ಬಾಂಟು, ಅಂದರೆ ಆಫ್ರಿಕಾದ್ದೇ ಒಂದು ದೊಡ್ಡ ಭಾಷಾ ಬಳಗದ್ದು.