+960 ನಂಬರ್‌ಗೆ ವಾಪಸ್ ಕಾಲ್ ಮಾಡಿದ್ದಕ್ಕೆ ಅಮ್ಮನ ಬ್ಯಾಲೆನ್ಸ್ ಹೋಯಿತು: ಪ್ರತಿಕ್ರಿಯೆ

ಇದು ಬಹುಶಃ ಮಿಸ್ಡ್ ಕಾಲ್ ಮೋಸ: ಒಂದು ರಿಂಗ್ ಕೊಟ್ಟು ಕಟ್ ಮಾಡುತ್ತಾರೆ, ನಾವು ವಾಪಸ್ ಮಾಡಿದರೆ ದುಬಾರಿ ದರ ಬೀಳುತ್ತದೆ. ಕುಂದಾಪುರದಲ್ಲಿರುವ ನಿಮ್ಮ ಅಮ್ಮ, ಗಲ್ಫ್‌ನಲ್ಲಿರುವ ನಿಮ್ಮ ಅಣ್ಣನೇ ಮಾಡಿದ್ದೆಂದು ತಿಳಿದು ವಾಪಸ್ ಮಾಡಿದ್ದಾರೆ, ಅಲ್ವಾ? ದೇಶದ ಕೋಡ್ ನೋಡಿದರೆ ಕುವೈತ್ 965, ಒಮಾನ್ 968. ಆದರೆ 960 ಮಾಲ್ಡೀವ್ಸ್. ಯಾರಿಗಾದರೂ ತಪ್ಪಾಗುತ್ತದೆ, ಅಮ್ಮನನ್ನು ಬೈಯಬೇಡಿ. ಬ್ರಿಟನ್‌ನಲ್ಲಿ 09, ಅಮೆರಿಕದಲ್ಲಿ 900 ಎಂದು ಶುರುವಾದರೆ ಅಲ್ಲಿನವರಿಗೆ ಅದು ದುಬಾರಿ ನಂಬರ್ ಎಂದು ಗೊತ್ತಾಗುತ್ತದೆ. ನಮಗೆ ಹೊರದೇಶದ ನಂಬರ್ ನೋಡಿದರೆ ಅದು ತಿಳಿಯುವುದಿಲ್ಲ.

ಮೊದಲು ಆ ನಂಬರ್ ಬ್ಲಾಕ್ ಮಾಡಿ. ಆಮೇಲೆ ಅಮ್ಮನ ಸಿಮ್‌ನಿಂದಲೇ ಮೊಬೈಲ್ ಕಂಪನಿಯ ದೂರಿನ ಲೈನ್ 198ಕ್ಕೆ ದೂರು ಕೊಟ್ಟು, ದೂರಿನ ನಂಬರ್ ಬರೆದುಕೊಳ್ಳಿ. ಹೊರಹೋಗುವ ಐಎಸ್‌ಡಿ (ಹೊರದೇಶಕ್ಕೆ ಮಾಡುವ ಕಾಲ್) ಬಂದ್ ಮಾಡಲು ಅಲ್ಲೇ ಹೇಳಿ. ಅಣ್ಣನ ಕಾಲ್ ಮೊದಲಿನ ಹಾಗೇ ಬರುತ್ತದೆ. ನನ್ನ ಅತ್ತೆಗೆ ಹೀಗಾದಾಗ ಹಣ ವಾಪಸ್ ಬರಲಿಲ್ಲ. ನಿಮಗೆ ಬಂದರೂ ಬರಬಹುದು, ಕೇಳಿ ನೋಡಿ.