ರೇಷ್ಮೆ ಹಗ್ಗ ಎಲ್ಲಿ ಹೋಯಿತು?

ನಮಸ್ಕಾರ.

ಮೈಲ್ಸ್ ಮ್ಯಾಲೆಸನ್ ಬಗ್ಗೆ ನೀವು ಕಳಿಸಿದ ಲೇಖನವನ್ನು ಎರಡು ಸಲ ಓದಿದೆ. ಈಗಿರುವ ಹಾಗೆ ಹಾಕಲಾಗುವುದಿಲ್ಲ. ಆದರೆ ಕೈಬಿಡಬೇಡಿ. ಈ ಇಂಗ್ಲಿಷ್ ಪೋಷಕ ನಟನ ಮೇಲೆ ಕನ್ನಡದಲ್ಲಿ ಬರೆಯಹೊರಟವರೊಬ್ಬರು ಸಿಕ್ಕಿದ್ದೇ ನನಗೆ ಖುಷಿ.

1888ರಲ್ಲಿ ಕ್ರಾಯ್ಡನ್‌ನಲ್ಲಿ ಹುಟ್ಟಿದ್ದು, 1969ರಲ್ಲಿ ತೀರಿಕೊಂಡಿದ್ದು. ನಡುವೆ ಇಸವಿ, ಸಿನಿಮಾ, ಪಾತ್ರ, ಮತ್ತೆ ಇಸವಿ. ದಿನಸಿ ಚೀಟಿ ಓದಿದಂತಾಯಿತು. 'ಅಭಿನಯದ ಮೇರು' ಅಂತ ಮೂರು ಕಡೆ ಬರೆದಿದ್ದೀರಿ, ಮೂರನ್ನೂ ಹೊಡೆದುಹಾಕಿದ್ದೇನೆ.

'ಕೈಂಡ್ ಹಾರ್ಟ್ಸ್ ಅಂಡ್ ಕರೊನೆಟ್ಸ್' (1949) ಚಿತ್ರಕ್ಕೆ ನೀವು ಕೊಟ್ಟಿದ್ದು ಒಂದೇ ಸಾಲು, ಅದರಲ್ಲೂ ನಟ ಅಲೆಕ್ ಗಿನ್ನೆಸ್ ಒಬ್ಬನೇ ಮಾಡಿದ ಎಂಟು ಪಾತ್ರಗಳ ಲೆಕ್ಕ. ಅದನ್ನು ಎಲ್ಲರೂ ಎಣಿಸುತ್ತಾರೆ. ನಾನಾಗಿದ್ದರೆ ಲೇಖನವನ್ನು ಆ ಚಿತ್ರ ಶುರುವಾಗುವ ಕಡೆಯೇ ಶುರುಮಾಡುತ್ತಿದ್ದೆ. ನೇಣು ಹಾಕುವವನಾಗಿ ಮ್ಯಾಲೆಸನ್ ಜೈಲಿಗೆ ಬರುತ್ತಾನೆ. ಬೆಳಗಾದರೆ ಒಬ್ಬ ಡ್ಯೂಕ್‌ನನ್ನು ಗಲ್ಲಿಗೇರಿಸಬೇಕು. ಆ ಜೋತುಬಿದ್ದ ಗದ್ದದ ಮುಖದಲ್ಲಿ ಕ್ರೌರ್ಯದ ಸುಳಿವೇ ಇಲ್ಲ. ಅಷ್ಟು ದೊಡ್ಡವರನ್ನು ಏನೆಂದು ಕರೆಯಬೇಕೋ ಎಂಬ ಚಿಂತೆ ಮಾತ್ರ. ಇದಾದ ಮೇಲೆ ನಿವೃತ್ತನಾಗುತ್ತಾನಂತೆ: ಡ್ಯೂಕ್‌ನಿಗಾಗಿ ರೇಷ್ಮೆ ಹಗ್ಗ ಹಿಡಿದ ಕೈಗೆ ಮತ್ತೆ ಸೆಣಬಿನ ಹಗ್ಗ ಒಗ್ಗೀತೇ? ಆ ಹಗ್ಗ ನಿಮ್ಮ ಲೇಖನದಲ್ಲಿಲ್ಲ.

ನಿಮ್ಮ ಪಟ್ಟಿಯಲ್ಲೇ ಇರುವ ಇನ್ನೆರಡನ್ನು ಪಕ್ಕಪಕ್ಕ ಇಟ್ಟು ನೋಡಿ. 'ಡೆಡ್ ಆಫ್ ನೈಟ್' (1945), ಹೆಣದ ಗಾಡಿ ಓಡಿಸುವವ. 'ಡ್ರಾಕುಲಾ' (1958), ಹೆಣದ ಪೆಟ್ಟಿಗೆಯ ವ್ಯವಹಾರದವ. ಮೂವರೂ ಸಾವಿನ ಕಸುಬಿನವರು, ಮೂವರೂ ಗೆಲುವಾಗಿದ್ದಾರೆ. ಇದು ನಿಮಗೆ ಹೇಗೆ ಕಾಣದೆ ಹೋಯಿತೋ!

ನಟ ಸಾಬು ಮೈಸೂರು ಸೀಮೆಯ ಕಾರಾಪುರದವನೆಂದು ಒಂದೂವರೆ ಪುಟ ಬರೆದಿದ್ದೀರಿ. ಅಭಿಮಾನ ಸರಿಯೇ, ಆದರೆ ಒಂದು ಸಾಲು ಸಾಕು. 'ದಿ ಥೀಫ್ ಆಫ್ ಬಾಗ್ದಾದ್' (1940) ಚಿತ್ರದಲ್ಲಿ ಯಂತ್ರದ ಆಟಿಕೆಗಳ ಹುಚ್ಚಿನ ಸುಲ್ತಾನನಾದ ಮ್ಯಾಲೆಸನ್ನೇ ಆ ಚಿತ್ರದ ಸಂಭಾಷಣೆ ಬರೆದವನು. ನಮ್ಮ ಸಾಬು ಆಡುವ ಮಾತೂ ಅವನದೇ. ನಂಟು ಇರುವುದು ಇಲ್ಲಿ.

'ಕೆಲವು ನಾಟಕಗಳನ್ನೂ ಬರೆದರು' ಎಂದು ದಾಟಿಬಿಟ್ಟಿದ್ದೀರಲ್ಲ, ಅದು ನನಗೆ ನಿಜಕ್ಕೂ ಬೇಸರ ತಂದಿತು. ಮೊದಲ ಮಹಾಯುದ್ಧಕ್ಕೆ ಸೈನಿಕನಾಗಿ ಮಾಲ್ಟಾಕ್ಕೆ ಹೋಗಿ, ಆರೋಗ್ಯ ಕೆಟ್ಟು ವಾಪಸಾಗಿ, ಯುದ್ಧದ ವಿರುದ್ಧವೇ ತಿರುಗಿದವನು ಆತ. 'ಬ್ಲ್ಯಾಕ್ ಎಲ್' ನಾಟಕ 1916ರಲ್ಲಿ ಅಚ್ಚಾದಾಗ ಪೊಲೀಸರು ಪ್ರತಿಗಳನ್ನು ಜಪ್ತಿ ಮಾಡಿದರು. ಸರ್ಕಾರ ಹಾಗೆ ನಡೆಸಿಕೊಂಡ ಮನುಷ್ಯ 33 ವರ್ಷದ ಮೇಲೆ ಅದೇ ಸರ್ಕಾರದ ನೇಣುಗಾರನಾಗಿ, ಇದೇ ತನ್ನ ಸೇವೆಯ ಸಾರ್ಥಕತೆ ಎಂಬಂತೆ ನಿಂತಿದ್ದಾನೆ. ಆ ದೃಶ್ಯವನ್ನು ಇನ್ನೊಮ್ಮೆ ನೋಡಿ, ಆಮೇಲೆ ಬರೆಯಲು ಕೂತುಕೊಳ್ಳಿ.

ಮೂರು ಪುಟ ಮೀರಬೇಡಿ. ಫ್ರೆಂಚ್ ನಾಟಕಕಾರ ಮೋಲಿಯೇರ್‌ನ ನಾಟಕಗಳ ಅನುವಾದದ ಭಾಗ ಚೆನ್ನಾಗಿದೆ, ಅದನ್ನು ಹಾಗೇ ಉಳಿಸಿಕೊಳ್ಳಿ. ಮುಂದಿನ ತಿಂಗಳ ಸಂಚಿಕೆಯಲ್ಲಿ ಜಾಗ ಇಟ್ಟಿರುತ್ತೇನೆ.